ಬಿವಾ ಸರೋವರದ ದಡದಲ್ಲಿ ಎಲೆಯಾಟ

ಜಪಾನಿನ ಕ್ಯೋಟೋ ನಗರದಿಂದ ಪೂರ್ವಕ್ಕೆ ರೈಲು ಹಿಡಿದರೆ, ಬೆಟ್ಟಗಳ ಅಡಿಯ ಸುರಂಗಗಳನ್ನು ದಾಟಿ ಹತ್ತು ನಿಮಿಷವಾಗುವಷ್ಟರಲ್ಲಿ ಓತ್ಸು ಎಂಬ ಊರು ಸಿಕ್ಕುತ್ತದೆ. ಆ ದೇಶದ ಸರೋವರಗಳಲ್ಲೆಲ್ಲ ದೊಡ್ಡದಾದ ಬಿವಾ ಸರೋವರವು, ಸುಮಾರು 670 ಚದರ ಕಿಲೋಮೀಟರು ವಿಸ್ತಾರವುಳ್ಳದ್ದು, ಈ ಊರಿನ ಬಾಗಿಲಿನಲ್ಲಿಯೇ ಹರಡಿಕೊಂಡಿದೆ. ಪಶ್ಚಿಮಕ್ಕೆ ಹಿಯೇ ಪರ್ವತ. ಇವೆರಡರ ನಡುವಿನ ಕಿರಿದಾದ ನೆಲದಲ್ಲಿ ಮನೆಗಳೂ, ರಸ್ತೆಗಳೂ, ಎರಡೇ ಗಾಡಿಗಳುಳ್ಳ ಒಂದು ಸಣ್ಣ ರೈಲೂ ಒತ್ತಾಗಿ ಸೇರಿಕೊಂಡಿವೆ. ನಮ್ಮ ಮಗಳ ಸಂಸಾರವು ಹನ್ನೊಂದು ವರ್ಷಗಳಿಂದ ಅಲ್ಲಿದೆ. ಕಳೆದ ಡಿಸೆಂಬರಿನಲ್ಲಿ ಅವಳ ಒತ್ತಾಯಕ್ಕೆ ಕಟ್ಟುಬಿದ್ದು, ಮನೆಯಾಕೆಯೊಡನೆ ಹೋಗಿ ಎರಡೂವರೆ ತಿಂಗಳು ಇದ್ದು ಬಂದೆವು. ಅಲ್ಲಿನ ದೇವಾಲಯಗಳನ್ನೂ ಉದ್ಯಾನಗಳನ್ನೂ ಕುರಿತು ಬರೆದವರು ಬಹಳ ಮಂದಿ ಇದ್ದಾರೆ. ನಾವು ಬರೆಯಹೊರಟಿರುವುದು ಆ ಮನೆಯ ಹುಲ್ಲುಚಾಪೆಯ ಮೇಲೆ, ಹತ್ತು ವರ್ಷದ ಮೊಮ್ಮಗಳಿಂದ ಕಲಿತ ಒಂದು ಎಲೆಯಾಟದ ಸಂಗತಿಯನ್ನು.

ಎಲೆಯೆಂದರೆ ಇಸ್ಪೀಟು ಎಲೆ. ಅರುವತ್ತು ವರ್ಷಗಳಲ್ಲಿ ನಾವು ಅದನ್ನು ಕೈಯಿಂದ ಮುಟ್ಟಿದವರಲ್ಲ. ಋಗ್ವೇದದ ಅಕ್ಷಸೂಕ್ತದಲ್ಲಿ ಜೂಜುಗಾರನು ಪಡುವ ಪಶ್ಚಾತ್ತಾಪವನ್ನು ವರ್ಷವರ್ಷವೂ ಹುಡುಗರಿಗೆ ಪಾಠ ಹೇಳಿದವರಿಗೆ ಅದು ಸಹಜವೇ. ಮನೆಯಾಕೆ ಮಾತ್ರ ತವರಿನಲ್ಲಿ ಕತ್ತೆಯಾಟದಲ್ಲಿ ಪಳಗಿದವರೆಂದೂ, ನಾವು ಊರಿನಲ್ಲಿಲ್ಲದ ದಿನಗಳಲ್ಲಿ ಮಕ್ಕಳೊಡನೆ ಆಡುತ್ತಿದ್ದರೆಂದೂ ಈ ಯಾತ್ರೆಯಲ್ಲಿ ತಿಳಿಯಿತು. ಮೂವತ್ತೈದು ವರ್ಷ ಗುಟ್ಟು ಕಾಪಾಡಿದ್ದರು.

ಜಪಾನೀಯರು ತಮ್ಮ ಎಲೆಯಾಟವನ್ನು ‘ಕರುತ’ ಎನ್ನುತ್ತಾರೆ. ಹದಿನಾರನೆಯ ಶತಮಾನದಲ್ಲಿ ಬಂದಿಳಿದ ಪೋರ್ಚುಗೀಸರ ‘ಕಾರ್ತ’ ಎಂಬ ಶಬ್ದವೇ ಅಲ್ಲಿ ಹೀಗಾಗಿದೆ. ಶಬ್ದವು ಪರದೇಶದ್ದಾದರೂ ಆಟದ ಒಳಗಿರುವ ವಸ್ತುವು ಆ ನಾಡಿನ ಕಾವ್ಯ. ಹದಿಮೂರನೆಯ ಶತಮಾನದಲ್ಲಿ ಫುಜಿವಾರ ನೊ ತೇಯ್ಕ ಎಂಬ ಕವಿಯು ನೂರು ಮಂದಿ ಕವಿಗಳಿಂದ ಒಂದೊಂದೇ ಪದ್ಯವನ್ನು ಆಯ್ದು ಒಂದು ಸಂಗ್ರಹವನ್ನು ಮಾಡಿದನು. ಚಕ್ರವರ್ತಿಗಳು, ಸನ್ಯಾಸಿಗಳು, ರಾಣಿವಾಸದ ಸ್ತ್ರೀಯರು ಎಲ್ಲರೂ ಅದರಲ್ಲಿದ್ದಾರೆ. ನೂರರಲ್ಲಿ 21 ಮಂದಿ ಹೆಂಗಸರು. ಒಂದೊಂದು ಪದ್ಯಕ್ಕೂ 31 ಅಕ್ಷರ. ಆಟಕ್ಕೆ ನೂರು ನೂರರಂತೆ ಎರಡು ಕಟ್ಟು ಎಲೆಗಳು. ಒಂದು ಕಟ್ಟಿನಲ್ಲಿ ಕವಿಯ ಚಿತ್ರದೊಡನೆ ಇಡಿಯ ಪದ್ಯ. ಇದು ಓದುವವರ ಕೈಯಲ್ಲಿರುವುದು. ಇನ್ನೊಂದರಲ್ಲಿ ಪದ್ಯದ ಕೊನೆಯ 14 ಅಕ್ಷರಗಳು ಮಾತ್ರ. ಇದು ಚಾಪೆಯ ಮೇಲೆ ಹರಡಿರುವುದು. ಒಬ್ಬರು ಪದ್ಯವನ್ನು ಮೊದಲಿನಿಂದ ರಾಗವಾಗಿ ಓದತೊಡಗುತ್ತಾರೆ. ಆಡುವವರು ಅದರ ಉತ್ತರಾರ್ಧವಿರುವ ಎಲೆಯನ್ನು ಹುಡುಕಿ ಮುಟ್ಟಬೇಕು. ನಮ್ಮ ಮನೆಗಳ ಅಂತ್ಯಾಕ್ಷರಿಯಲ್ಲಿ ಕೊನೆಯ ಅಕ್ಷರಕ್ಕೆ ಬೆಲೆ. ಇಲ್ಲಿ ಮೊದಲ ಅಕ್ಷರಕ್ಕೆ. ಉತ್ತರಾರ್ಧವನ್ನು ಓದುವವರೆಗೂ ಕಾದು ಕುಳಿತವನು ಆಟದಿಂದ ಎದ್ದು ಹೋಗಿ ಕಾಫಿ ಕುಡಿಯಬಹುದು.

ಎಲೆಯ ಮೇಲಿನದನ್ನು ಓದಬೇಕಾದರೆ ಮೊದಲು ಅಕ್ಷರಾಭ್ಯಾಸವಾಗಬೇಕಷ್ಟೆ. ಹೋದ ಮರುದಿನವೇ ಮೊಮ್ಮಗಳು ಒಂದು ಪಟವನ್ನು ಗೋಡೆಗೆ ಅಂಟಿಸಿ, ಕೈಯಲ್ಲಿ ಅನ್ನದ ಸೌಟನ್ನು ಹಿಡಿದು, “ತಾತ, ನಾನು ಹೇಳಿದ ಹಾಗೆ ಹೇಳಿ” ಎಂದಳು. ಅ, ಇ, ಉ, ಎ, ಒ. ಬಳಿಕ ಕ, ಸ, ತ, ನ, ಹ, ಮ, ಯ, ರ, ವ. ಕೇಳುತ್ತ ಕೇಳುತ್ತ ನಮಗೆ ಮೈ ಜುಮ್ಮೆಂದಿತು. ಇದು ನಮ್ಮ ವರ್ಣಮಾಲೆಯ ಕ್ರಮವೇ ಅಲ್ಲವೇ! ಕವರ್ಗದ ತರುವಾಯ ಚವರ್ಗವಿರಬೇಕಾದಲ್ಲಿ ಸಕಾರವಿದೆ, ಪವರ್ಗವಿರಬೇಕಾದಲ್ಲಿ ಹಕಾರವಿದೆ. ಅಲ್ಲಿನ ಹಕಾರವು ಪ್ರಾಚೀನ ಕಾಲದಲ್ಲಿ ಪಕಾರವೇ ಆಗಿತ್ತೆಂದು ಭಾಷಾಶಾಸ್ತ್ರಜ್ಞರು ಹೇಳುತ್ತಾರೆ. ಬೌದ್ಧ ಭಿಕ್ಷುಗಳು ಸಂಸ್ಕೃತಮಂತ್ರಗಳನ್ನು ಓದುವುದಕ್ಕಾಗಿ ಸಿದ್ಧಂ ಲಿಪಿಯನ್ನು ಕಲಿತರು. ಅದರ ಜೊತೆಯಲ್ಲಿ ಈ ಕ್ರಮವೂ ಬಂದಿತು. ಕಿಟಕಿಯಿಂದ ಕಾಣುವ ಹಿಯೇ ಪರ್ವತದ ಮಠವು 788ರಲ್ಲಿ ಸ್ಥಾಪಿತವಾದದ್ದು. ಆ ಸಂಪ್ರದಾಯದ ಅನ್ನೆನ್ ಎಂಬ ಭಿಕ್ಷುವು 880ರಲ್ಲಿಯೇ ಸಿದ್ಧಂ ಅಕ್ಷರಗಳನ್ನು ಕುರಿತು ದೊಡ್ಡ ಗ್ರಂಥವನ್ನು ಬರೆದಿದ್ದಾನೆ. ಇಷ್ಟನ್ನು ಮೊಮ್ಮಗಳಿಗೆ ಸವಿಸ್ತರವಾಗಿ ತಿಳಿಸಹೋದೆವು. ಅವಳು ಸೌಟನ್ನು ಪಟಕ್ಕೆ ತಟ್ಟಿ, “ಪಾಠದ ಮಧ್ಯೆ ಮಾತಾಡಬಾರದು” ಎಂದಳು. ಈ ವಾಕ್ಯವನ್ನು ಎಷ್ಟು ಸಾವಿರ ಸಲ ನಾವೇ ಆಡಿದ್ದೆವೋ! ಮೂರು ವಾರಗಳಲ್ಲಿ 46 ಅಕ್ಷರಗಳೂ ಬಂದವು.

ಹೊಸ ವರ್ಷದ ಮೊದಲ ದಿನ ಆಟದ ಆರಂಭ. ಜಪಾನಿನ ಮನೆಗಳಲ್ಲಿ ಇದು ಹೊಸ ವರ್ಷದ ಆಟ. ಚಿಕ್ಕವರಿಗಾಗಿ ಮೊದಲು ಚಿತ್ರದ ಎಲೆಗಳನ್ನು ಮಗುಚುವ ಒಂದು ಸುಲಭದ ಆಟವನ್ನು ಆಡುತ್ತಾರೆ. ಸನ್ಯಾಸಿಯ ಚಿತ್ರ ಬಂದರೆ ಕೈಯಲ್ಲಿದ್ದುದೆಲ್ಲ ಹೋಯಿತು. ರಾಣಿವಾಸದವಳ ಚಿತ್ರ ಬಂದರೆ ರಾಶಿಯೆಲ್ಲ ಬಂದಿತು. ನಮಗೆ ಸಾಲಾಗಿ ಮೂವರು ಸನ್ಯಾಸಿಗಳು ಬಂದರು. ಮನೆಯಾಕೆ ಗೆದ್ದರು. ಬಳಿಕ ನಿಜವಾದ ಆಟಕ್ಕೆ ನೂರು ಎಲೆಗಳನ್ನೂ ಚಾಪೆಯ ಮೇಲೆ ಹರಡಿದರು. ಓದುವುದಕ್ಕೆ ನೆರೆಮನೆಯ ಎಪ್ಪತ್ತು ದಾಟಿದ ಅಮ್ಮನವರು ಬಂದಿದ್ದರು. ನಾವು ಉಪಾಧ್ಯಾಯರಾಗಿದ್ದವರೆಂದು ತಿಳಿದು, ತಲೆಬಾಗಿ ‘ಸೆನ್ಸೇ’ ಎಂದು ಕರೆದರು, ಗುರುಗಳೇ ಎಂದಂತೆ. ಆ ಗುರುಗಳಿಗೆ ನೂರರಲ್ಲಿ ನಾಲ್ಕು ಎಲೆಗಳು ಸಿಕ್ಕಿದವು. ಮೊಮ್ಮಗಳಿಗೆ 61.

ಅವಳ ರಹಸ್ಯವನ್ನು ಮರುದಿನ ಅವಳೇ ಹೇಳಿಕೊಟ್ಟಳು. ನೂರು ಪದ್ಯಗಳಲ್ಲಿ ಏಳು ಮಾತ್ರ ಬೇರೆ ಯಾವುದರಲ್ಲೂ ಇಲ್ಲದ ಆದ್ಯಕ್ಷರವುಳ್ಳವು: ಮು, ಸು, ಮೆ, ಫು, ಸ, ಹೊ, ಸೆ. ಈ ಅಕ್ಷರ ಕಿವಿಗೆ ಬಿದ್ದೊಡನೆ ಕೈ ಹೊರಡಬೇಕು. ಎರಡನೆಯ ಅಕ್ಷರದವರೆಗೆ ಕಾಯಬೇಕಾದವು 42, ಮೂರರವರೆಗೆ 37, ಆರು ಅಕ್ಷರಗಳವರೆಗೆ ಉಸಿರು ಬಿಗಿಹಿಡಿದು ಕಾಯಬೇಕಾದವೂ ಆರು ಇವೆ. ಅಕಾರದಿಂದ ಮೊದಲಾಗುವವೇ 16. ಇದರ ಮೇಲೆ, ಲೆಕ್ಕವು ಆಡುತ್ತಾಡುತ್ತಲೇ ಬದಲಾಗುತ್ತದೆ. ಉಕಾರದಿಂದ ಮೊದಲಾಗುವ ಪದ್ಯಗಳು ಎರಡು. ಒಂದನ್ನು ಓದಿಯಾದ ಮೇಲೆ ಇನ್ನೊಂದಕ್ಕೆ ‘ಉ’ ಎಂದರೆ ಸಾಕು. ಯಾವುದು ಹೋಯಿತು, ಯಾವುದು ಉಳಿಯಿತು ಎಂಬುದು ಸದಾ ಮನಸ್ಸಿನಲ್ಲಿರಬೇಕು. ಶತಾವಧಾನವೆಂದರೂ ಸಲ್ಲುತ್ತದೆ.

ಏಳನ್ನು ಬಾಯಿಪಾಠ ಮಾಡುವುದು ನಮಗೆ ಎಷ್ಟರ ಕೆಲಸ! ಮೆಕಾರದ ಪದ್ಯವು ‘ಗೆಂಜಿ’ಯ ಕಥೆಯನ್ನು ಬರೆದ ಮುರಸಾಕಿ ಶಿಕಿಬು ಎಂಬಾಕೆಯದು: ಬಹುಕಾಲದ ಮೇಲೆ ಕಂಡ ಗೆಳತಿಯು, ಅವಳೇ ಹೌದೆಂದು ಗುರುತಿಸುವಷ್ಟರಲ್ಲಿ, ಮೋಡ ಹೊಕ್ಕ ಚಂದ್ರನಂತೆ ಮರೆಯಾದಳೆಂಬ ಭಾವ. ಫುಕಾರದ ಪದ್ಯದಲ್ಲಿ ಒಂದು ಅಕ್ಷರಚಮತ್ಕಾರವಿದೆ. ಚೀನೀ ಲಿಪಿಯಲ್ಲಿ ಬೆಟ್ಟದ ಕೆಳಗೆ ಗಾಳಿಯನ್ನು ಬರೆದರೆ ಬಿರುಗಾಳಿಯಾಗುತ್ತದೆ. ಕವಿ ಅದನ್ನೇ ಪದ್ಯವಾಗಿಸಿದ್ದಾನೆ. ನಮ್ಮ ಶ್ಲೇಷಕವಿಗಳು ಇವನನ್ನು ತಬ್ಬಿಕೊಳ್ಳುತ್ತಿದ್ದರು. ಆ ‘ಫು’ ಎಂಬ ಧ್ವನಿಯೂ ನಮಗೆ ಪರಿಚಿತವೇ. ಹಲ್ಲು ತುಟಿಗೆ ತಾಗುವುದಿಲ್ಲ. ಎರಡು ತುಟಿಗಳ ನಡುವಿನಿಂದ ಗಾಳಿ ಊದಿದಂತೆ ಬರುತ್ತದೆ. ವೈಯಾಕರಣರು ಉಪಧ್ಮಾನೀಯವೆಂದು ಕರೆಯುವುದು ಇದನ್ನೇ. “ದೀಪವನ್ನು ಮೆಲ್ಲಗೆ ಆರಿಸುವಂತೆ ಊದಿರೋ” ಎಂದು ಎಷ್ಟು ತರಗತಿಗಳಿಗೆ ಕಲಿಸಿದ್ದೇವೆ!

ಆ ತಿಂಗಳಲ್ಲಿಯೇ ಒಂದು ದಿನ ಸಣ್ಣ ರೈಲಿನಲ್ಲಿ ಓಮಿ ಜಿಂಗೂ ಎಂಬ ದೇವಾಲಯಕ್ಕೆ ಹೋದೆವು. ನಿಲ್ದಾಣದಿಂದ ಮರಗಳ ನಡುವೆ ಏರುದಾರಿ, ಮೆಟ್ಟಿಲುಗಳು, ಮೇಲೆ ಕುಂಕುಮವರ್ಣದ ದ್ವಾರಮಂಟಪ. ಕಟ್ಟಿದ್ದು 1940ರಲ್ಲಿ, ಆದರೆ ಪೂಜೆಗೊಳ್ಳುವವನು, 667ರಲ್ಲಿ ರಾಜಧಾನಿಯನ್ನು ಓತ್ಸುವಿಗೆ ತಂದ ತೆಂಜಿ ಚಕ್ರವರ್ತಿ. ನೂರು ಪದ್ಯಗಳಲ್ಲಿ ಮೊದಲನೆಯದು ಅವನ ಹೆಸರಿನಲ್ಲಿದೆ: ಗದ್ದೆಯ ಕಾವಲು ಗುಡಿಸಲಿನ ಸೂರು ಸೋರಿ ಇಬ್ಬನಿಯಿಂದ ತೋಳು ನೆನೆಯಿತೆಂದು. ಚಕ್ರವರ್ತಿಯು ಗದ್ದೆ ಕಾದನೇ ಎಂದು ಮನೆಯಾಕೆ ಕೇಳಿದರು. ಕವಿಗಳು ಏನನ್ನಾದರೂ ಕಾಯುತ್ತಾರೆ ಎಂದೆವು. 671ರಲ್ಲಿ ನೀರಿನ ಗಡಿಯಾರವನ್ನಿಟ್ಟು ಜನರಿಗೆ ಹೊತ್ತು ಸಾರಿಸಿದವನೂ ಇವನೇ ಆದುದರಿಂದ ಅಲ್ಲೊಂದು ಗಡಿಯಾರಗಳ ಸಂಗ್ರಹಾಲಯವಿದೆ. ಪ್ರತಿ ಜನವರಿಯಲ್ಲಿಯೂ ಈ ಆಟದ ಪರಮೋಚ್ಚ ಸ್ಪರ್ಧೆ ಈ ಸನ್ನಿಧಿಯಲ್ಲಿ ನಡೆಯುತ್ತದೆ. ಅದನ್ನು ನಾವು ಮಗಳ ಮನೆಯಲ್ಲಿ ಕುಳಿತು ಅಂತರ್ಜಾಲದ ಪ್ರಸಾರದಲ್ಲಿ ನೋಡಿದೆವು.

ಸ್ಪರ್ಧೆಯ ಕ್ರಮವನ್ನು 1904ರಲ್ಲಿ ಕುರೋಇವ ರುಇಕೋ ಎಂಬ ಪತ್ರಿಕಾಕರ್ತನು ನೆಲೆಗೊಳಿಸಿದನು. ಇಬ್ಬರು ಎದುರುಬದುರು ಮಂಡಿಯೂರುತ್ತಾರೆ. ನೂರರಲ್ಲಿ 50 ಎಲೆಗಳನ್ನು ತೆಗೆದು ಆಳಿಗೆ 25ರಂತೆ ಮುಂದೆ ಜೋಡಿಸುತ್ತಾರೆ. ಉಳಿದ 50 ಸತ್ತ ಎಲೆಗಳು. ಅವುಗಳ ಪದ್ಯಗಳನ್ನೂ ಓದುತ್ತಾರೆ, ಹಿಡಿಯುವುದಕ್ಕೆ ಎಲೆ ಇರುವುದಿಲ್ಲ. ಎಲ್ಲಿ ಯಾವುದಿದೆಯೆಂದು ಮನನ ಮಾಡಲು 15 ನಿಮಿಷ. ಎದುರಾಳಿಯ ಕಡೆಯ ಎಲೆಯನ್ನು ಹಿಡಿದರೆ ನಮ್ಮದೊಂದನ್ನು ಅವನಿಗೆ ದಾಟಿಸಬಹುದು. ಓದಿದ ಎಲೆ ಇಲ್ಲದ ಕಡೆ ಕೈಯಿಟ್ಟರೆ ಅವನು ತನ್ನದೊಂದನ್ನು ನಮಗೆ ದಾಟಿಸುತ್ತಾನೆ. ತನ್ನ ಕಡೆಯವನ್ನು ಮೊದಲು ಮುಗಿಸಿದವನಿಗೆ ಜಯ. ಓದುವವರು ಹಿಂದಿನ ಪದ್ಯದ ಕೊನೆಯನ್ನು ಎಳೆದು ನಿಲ್ಲಿಸಿ, ಒಂದು ಕ್ಷಣ ತಡೆದು, ಹೊಸದನ್ನು ಎತ್ತಿಕೊಳ್ಳುತ್ತಾರೆ. ಆ ಒಂದು ಕ್ಷಣ ಇಡಿಯ ಕೋಣೆಯಲ್ಲಿ ಯಾರೂ ಉಸಿರಾಡುವುದಿಲ್ಲ. ಬಳಿಕ ಕೈಯೊಂದು ಮಿಂಚಿದಂತಾಗಿ ಎಲೆಗಳು ಗೋಡೆಗೆ ಹಾರುತ್ತವೆ.

ಆ ಕ್ರಮದಲ್ಲಿಯೇ ಮೊಮ್ಮಗಳೊಡನೆ ಪ್ರತಿ ಸಂಜೆ ಆಡತೊಡಗಿದೆವು. ಕ್ರಮೇಣ ಐದೋ ಆರೋ ಎಲೆಗಳು ಬರತೊಡಗಿದವು, ಬೀಗಿದೆವು. ಒಂದು ರಾತ್ರಿ ಅವಳು ತಾನು ಬರೆದಿಟ್ಟ ಲೆಕ್ಕದ ಹಾಳೆಯನ್ನು ತಂದು, “ತಾತ, ನಿಮಗೆ ಮು ಸಿಕ್ಕುತ್ತೆ, ಮೆ ಸಿಕ್ಕುತ್ತೆ. ಸು, ಫು, ಸೆ ಒಂದು ಸಲವೂ ಸಿಕ್ಕಿಲ್ಲ. ಯಾಕೆ?” ಎಂದಳು. ನೆರೆಮನೆಯ ಅಮ್ಮನವರ ಧ್ವನಿ ವಯೋಧರ್ಮದಿಂದ ಕ್ಷೀಣಿಸಿದೆಯೆಂದು ಉತ್ತರವಿತ್ತೆವು. ಅವಳು ಒಪ್ಪಲಿಲ್ಲ. ಒಂದು ಎಲೆಯನ್ನು ತನ್ನ ಬಾಯಿಗೆ ಅಡ್ಡ ಹಿಡಿದು, ಸು, ಫು ಎಂಬೆರಡನ್ನು ಮನಬಂದಂತೆ ಹತ್ತು ಸಲ ಹೇಳಿ, ಯಾವುದು ಯಾವುದೆಂದು ಕೇಳಿದಳು. ಐದು ತಪ್ಪಾದವು. ಕಣ್ಣು ಮುಚ್ಚಿ ನಾಣ್ಯ ಚಿಮ್ಮಿದವನಿಗೂ ಅಷ್ಟೇ ಸರಿಯಾಗುತ್ತಿತ್ತು. ಕೇಳಿದ್ದು ಉಕಾರ ಮಾತ್ರ. ಅದರ ಮುಂದಿನ ವ್ಯಂಜನವನ್ನು ನಾವು ಇಷ್ಟು ಕಾಲ ತುಟಿ ನೋಡಿ ಊಹಿಸುತ್ತಿದ್ದೆವು.

ಮನೆಯಾಕೆ ಅಡಿಗೆಮನೆಯಿಂದಲೇ, “ಒಲೆಯ ಮೇಲೆ ಹಾಲು ಉಕ್ಕಿ ಸುಂಯ್ ಎಂದರೂ ನಿಮಗೆ ಕೇಳೋದಿಲ್ಲ ಅಂತ ಎರಡು ವರ್ಷದಿಂದ ಹೇಳ್ತಿದೀನಿ” ಎಂದರು. ಅದನ್ನೂ ನಾವು ಕೇಳಿಸಿಕೊಂಡಿರಲಿಲ್ಲವೆಂದು ತೋರುತ್ತದೆ.

ಅಳಿಯಂದಿರು ಕ್ಯೋಟೋವಿನ ಒಬ್ಬ ಕಿವಿಯ ವೈದ್ಯರಲ್ಲಿಗೆ ಕರೆದೊಯ್ದರು. ಅವರು ಬರೆದ ನಕ್ಷೆಯ ಗೆರೆಯು ಮಂದ್ರಸ್ವರಗಳಲ್ಲಿ ಸಮನೆಲದಂತೆ ಸಾಗಿ, ತಾರಸ್ವರಗಳಲ್ಲಿ ಕಣಿವೆಗೆ ಧುಮುಕಿತ್ತು. ಅ, ಉ ಮೊದಲಾದ ಸ್ವರಾಕ್ಷರಗಳ ಬಲವು ಮಂದ್ರದಲ್ಲಿರುವುದರಿಂದ ಕೇಳುತ್ತವೆ; ಸಕಾರ ಫಕಾರಗಳು ತಾರದಲ್ಲಿರುವ ಮೆಲ್ಲನೆಯ ಉಸಿರುಗಳಾದುದರಿಂದ ಮೊದಲು ಹೋಗುತ್ತವೆ. ಕಿವಿಯ ಒಳಗಿನ ಶಂಖದಲ್ಲಿರುವ ಸೂಕ್ಷ್ಮವಾದ ರೋಮಕೋಶಗಳು ಒಮ್ಮೆ ಸತ್ತರೆ ಮನುಷ್ಯನಲ್ಲಿ ಮತ್ತೆ ಹುಟ್ಟುವುದಿಲ್ಲ. ಯಂತ್ರವನ್ನಿಟ್ಟುಕೊಳ್ಳಿರೆಂದರು.

ಮರಳುವಾಗ ರೈಲಿನಲ್ಲಿ ನಮ್ಮನ್ನು ಕಾಡಿದ್ದು ಯಂತ್ರವಲ್ಲ. ಎರಡು ವರ್ಷಗಳ ಹಿಂದೆ, ನವರಾತ್ರಿಯ ಒಂದು ಶ್ಲೋಕಪಠನದ ಸ್ಪರ್ಧೆಗೆ ನಾವು ತೀರ್ಪುಗಾರರಾಗಿದ್ದೆವು. ಒಬ್ಬ ಬಾಲಕನು ಶಕಾರವನ್ನೆಲ್ಲ ಸಕಾರ ಮಾಡುತ್ತಾನೆಂದು ಅಂಕ ಕಡಮೆ ಮಾಡಿದೆವು. ಅವನು ಕಣ್ಣಿನಲ್ಲಿ ನೀರು ತಂದುಕೊಂಡು, “ಸರಿಯಾಗಿಯೇ ಹೇಳಿದೆ ಸಾರ್” ಎಂದನು. ಇದು ಉದ್ಧಟತನವೆಂದು ಸಭೆಯ ಎದುರಿನಲ್ಲಿಯೇ ಗದರಿಸಿ, ಶಷಸಹಗಳೆಂಬ ಊಷ್ಮಗಳ ಸ್ಥಾನಪ್ರಯತ್ನಗಳನ್ನು ಅವನಿಗೆ ಬೋಧಿಸಿದೆವು. ಇತ್ತೀಚಿನ ಹುಡುಗರ ನಾಲಿಗೆಯೇ ತಿರುಗದೆಂದು ಮನೆಗೆ ಬಂದು ಹೇಳಿದ್ದೂ ನೆನಪಿದೆ.

ಅವನ ವಿಳಾಸ ನಮ್ಮಲ್ಲಿರಲಿಲ್ಲ. ಅಂದೇ ರಾತ್ರಿ ಸ್ಪರ್ಧೆಯನ್ನು ನಡೆಸಿದವರಿಗೆ ಎಲ್ಲವನ್ನೂ ವಿವರಿಸಿ ಬರೆದು, ಬಾಲಕನಿಗೆಂದು ಒಳಗೆ ಬೇರೊಂದು ಪತ್ರವನ್ನೂ ಇಟ್ಟೆವು. ಈ ಲೇಖನವನ್ನು ಬರೆಯುವವರೆಗೆ ಉತ್ತರ ಬಂದಿಲ್ಲ.

ಕಿವಿಗೆ ಯಂತ್ರ ಬಂದ ದಿನ ಮೊದಲು ಕೇಳಿಸಿದ್ದು ನಮ್ಮ ಅಂಗಿಯ ತೋಳಿನ ಸರಸರ. ಹುಲ್ಲುಚಾಪೆಯ ಮೇಲೆ ನಡೆದರೆ ಶಬ್ದವಾಗುವುದೆಂದು ಆ ವರೆಗೆ ತಿಳಿದಿರಲಿಲ್ಲ. ಹೊರಡುವ ಹಿಂದಿನ ಸಂಜೆ, ಹಿಯೇ ಪರ್ವತದ ಮೇಲೆ ಹಿಮ ಬಿದ್ದು ಬೆಳ್ಳಗೆ ಕಾಣುತ್ತಿದ್ದಾಗ, ಮೊಮ್ಮಗಳೊಡನೆ ಕೊನೆಯ ಆಟಕ್ಕೆ ಕುಳಿತೆವು. ನೆರೆಮನೆಯ ಅಮ್ಮನವರ ಧ್ವನಿ ಗಂಟೆಯಂತೆ ಸ್ವಚ್ಛವಾಗಿತ್ತು; ಅವರಿಗೆ ಮನಸ್ಸಿನಲ್ಲಿಯೇ ಕ್ಷಮೆ ಬೇಡಿದೆವು. ‘ಸು’ ಎಂಬುದು ನಮ್ಮ ಬಲಮಂಡಿಯ ಹತ್ತಿರವಿತ್ತು. ಕೇಳಿದೆವು, ಕೈ ಚಾಚಿದೆವು, ಅಷ್ಟರಲ್ಲಿ ಮೊಮ್ಮಗಳ ಬೆರಳು ಅದನ್ನು ಕೊಂಡೊಯ್ದಿತ್ತು. ಅವಳ ಕಡೆಯ ಎಲೆಗಳೆಲ್ಲ ಮುಗಿದಾಗ ನಮ್ಮ ಮುಂದೆ 14 ಉಳಿದಿದ್ದವು. ಆಟದ ನಡುವೆ ಒಮ್ಮೆ ‘ಫು’ ಬಂದಿತು. ದೀಪವನ್ನು ಊದಿದಂತೆ, ಸ್ಪಷ್ಟವಾಗಿ. ಆದರೆ ಆ ಎಲೆಯು ಅಂದು ಸತ್ತ ಐವತ್ತರಲ್ಲಿ ಸೇರಿತ್ತು. ಮೊಮ್ಮಗಳು ತಲೆಯೆತ್ತಿ ನಮ್ಮ ಮುಖವನ್ನು ನೋಡಿದಳು. ನಾವು ಅವಳನ್ನು ನೋಡಿದೆವು. ಇಬ್ಬರೂ ಕೈಯನ್ನು ಮಂಡಿಯ ಮೇಲೆಯೇ ಇಟ್ಟುಕೊಂಡು, ಪದ್ಯವು ಮುಗಿಯುವವರೆಗೆ ಕೇಳುತ್ತ ಕುಳಿತೆವು.