ಏಳನೆಯ ಬಳೆಯ ಕಾಲು

ಹಲವು ವರ್ಷಗಳ ಹಿಂದೆ ಜೀವಶಾಸ್ತ್ರದ ಪಾರಿಭಾಷಿಕ ಪದಕೋಶವೊಂದರ ಸಿದ್ಧತೆಯಲ್ಲಿ ಭಾಷಾತಜ್ಞನೆಂಬ ಹೆಸರಿನಲ್ಲಿ ನಾನೂ ಕುಳಿತಿದ್ದೆ. ಅದನ್ನು ಹೊರತಂದ ಸಂಸ್ಥೆಯ ಹೆಸರು ಇಲ್ಲಿ ಬೇಕಿಲ್ಲ, ತಪ್ಪು ನನ್ನದು. ಕೊನೆಯ ಸಭೆಯ ದಿನ ಸಂಧಿಪದಿಗಳ ಪಟ್ಟಿ ನಮ್ಮ ಮುಂದಿತ್ತು. ಪ್ರಾಣಿಶಾಸ್ತ್ರದ ಪ್ರಾಧ್ಯಾಪಕರು ಅಂದು ಬಂದಿರಲಿಲ್ಲ. ಸಹಸ್ರಪದಿಗಳಿಗೆ ಸಂಬಂಧಿಸಿದ ನಲವತ್ತಕ್ಕೂ ಮಿಕ್ಕ ಪದಗಳನ್ನು ಒಂದು ಮಧ್ಯಾಹ್ನದಲ್ಲಿ ಮುಗಿಸಬೇಕಾಗಿತ್ತು. ಮುಗಿಸಿದೆವು. ಆ ಪಟ್ಟಿಯಲ್ಲಿ 'ಗೊನೊಪಾಡ್' ಎಂಬ ಪದವಿತ್ತು. ಗ್ರೀಕಿನ ಮೊದಲ ಭಾಗಕ್ಕೆ ಬೀಜ, ಸಂತಾನ, ಜನನ ಎಂಬ ಅರ್ಥಗಳು, ಎರಡನೆಯದು ಪಾದ. 'ಜನನಪಾದ' ಎಂದು ಬರೆದುಕೊಂಡೆ. ಓದಿನೋಡಿದಾಗ ಕಿವಿಗೆ ಹಿತವೆನಿಸಲಿಲ್ಲ. ಹೊಡೆದುಹಾಕಿ 'ಜನನಾಂಗ' ಎಂದು ಬರೆದೆ. ಹಳಗನ್ನಡ ಗದ್ಯದ ಪದರಚನೆಯ ಮೇಲೆ ಪಿಎಚ್.ಡಿ. ಪಡೆದವನಾದ್ದರಿಂದ ಯಾರೂ ಪ್ರಶ್ನಿಸಲಿಲ್ಲ. ಪುಸ್ತಕ ಅಚ್ಚಾಯಿತು, ಕಾಲೇಜುಗಳ ಗ್ರಂಥಾಲಯಗಳನ್ನು ಸೇರಿತು, ನಾನು ಅದನ್ನು ಮರೆತೆ.

ನೆನಪಿಸಿದವಳು ನನ್ನ ಹಳೆಯ ವಿದ್ಯಾರ್ಥಿನಿ. ಬಿ.ಎಸ್ಸಿ.ಯಲ್ಲಿ ನನ್ನ ಕನ್ನಡ ಭಾಷಾ ತರಗತಿಯಲ್ಲಿ ಕುಳಿತಿದ್ದವಳು. ಮುಂದೆ ಘಟ್ಟದ ಅಡಕೆ ತೋಟಗಳ ಸಹಸ್ರಪದಿಗಳ ಮೇಲೆ ಸಂಶೋಧನೆ ಕೈಗೊಂಡಳು. ತರಗೆಲೆಗಳನ್ನು ತಿಂದು ಗೊಬ್ಬರವಾಗಿಸುವ ಈ ಹುಳುಗಳ ವಿಷಯವನ್ನು ತೋಟದವರಿಗೆ ಕನ್ನಡದಲ್ಲಿ ಹೇಳಲು ಹೋದಾಗ ನಮ್ಮ ಪದಕೋಶವನ್ನೇ ನಂಬಿ ಮಾತನ್ನು ಸಿದ್ಧಪಡಿಸಿಕೊಂಡಿದ್ದಳು. ಗಂಡು ಹುಳುವಿನ ಜನನರಂಧ್ರಗಳು ಎರಡನೆಯ ಜೋಡಿ ಕಾಲುಗಳ ಬುಡದಲ್ಲಿವೆ ಎಂದಳು. ಇನ್ನೊಂದು ಚಿತ್ರ ತೋರಿಸಿ, ಏಳನೆಯ ಬಳೆಯಲ್ಲಿರುವುದು ಇದರ ಜನನಾಂಗ, ಜಾತಿಯನ್ನು ಗುರುತಿಸುವುದು ಇದರಿಂದಲೇ ಎಂದಳು. ಮುಂದಿನ ಸಾಲಿನಲ್ಲಿದ್ದ ಹಿರಿಯರೊಬ್ಬರು ಕೇಳಿದರಂತೆ: "ಅಲ್ಲ ತಂಗೀ, ಆಗ ಎರಡನೇ ಕಾಲಿನ ಹತ್ತಿರ ಅಂದೆ, ಈಗ ಏಳನೇ ಬಳೆ ಅಂತೀಯ. ಒಂದು ಹುಳಕ್ಕೆ ಎರಡು ಕಡೆ ಹ್ಯಾಗಿರ್ತದೆ?"

ಸಭೆ ನಕ್ಕಿತು. ಇಂಗ್ಲಿಷಿನಲ್ಲಿ ಆಕೆಗೆ ಉತ್ತರ ಗೊತ್ತಿತ್ತು. ಕನ್ನಡದಲ್ಲಿ ಅದನ್ನು ಹೇಳಹೊರಟರೆ ಕೈಯಲ್ಲಿದ್ದ ಪದವೇ ಅಡ್ಡ ನಿಲ್ಲುತ್ತಿತ್ತು. ಏನೇನೋ ಹೇಳಿ ಕೆಳಗಿಳಿದೆ ಸರ್, ಎಂದಳು. ಪುಸ್ತಕವನ್ನು ನನ್ನ ಮೇಜಿನ ಮೇಲಿಟ್ಟು, "ಈ ಪದ ಸರಿಯಿಲ್ಲ ಅನ್ನಿಸುತ್ತೆ ಸರ್, ಬೇರೆ ಯಾವುದಾದರೂ ಹೇಳಿಕೊಡಿ" ಎಂದಷ್ಟೇ ಕೇಳಿದಳು. ಶೀರ್ಷಿಕೆಪುಟದ ಹಿಂಬದಿಯಲ್ಲಿ ಸಮಿತಿಯ ಸದಸ್ಯರ ಹೆಸರುಗಳಿವೆ. ಅದನ್ನು ಆಕೆ ನೋಡಿರಲಿಲ್ಲವೆಂದು ನಾನು ನಂಬಲಾರೆ. ಆಕೆಯಂತೂ ಆ ಮಾತನ್ನು ಅಂದೂ ಎತ್ತಲಿಲ್ಲ, ಇಂದಿಗೂ ಎತ್ತಿಲ್ಲ.

ಹುಳುವನ್ನು ನೋಡದೆ ಪದ ಹೇಳಲಾರೆ ಎಂದೆ. ಆ ಮಾತು ಇಷ್ಟು ತಡವಾಗಿ ಬಾಯಿಗೆ ಬಂದದ್ದಕ್ಕೆ ನಾಚಿಕೆಯೂ ಆಯಿತು. ಮರುವಾರ ನಮ್ಮ ಕಾಲೇಜಿನ ಪ್ರಾಣಿಶಾಸ್ತ್ರ ವಿಭಾಗದ ಸೂಕ್ಷ್ಮದರ್ಶಕದ ಕೆಳಗೆ ಆಲ್ಕೊಹಾಲಿನಲ್ಲಿಟ್ಟಿದ್ದ ಎರಡು ಹುಳುಗಳನ್ನು ಆಕೆ ಇರಿಸಿದಳು: ಒಂದು ಹೆಣ್ಣು, ಒಂದು ಗಂಡು. ನಾನು ಬಯಲುಸೀಮೆಯವನು, ಮೊದಲ ಮಳೆಗೆ ಹೊರಬರುವ ಉರುಟು ಮೈಯ, ಮುಟ್ಟಿದರೆ ಚಕ್ಕುಲಿಯಂತೆ ಸುತ್ತಿಕೊಳ್ಳುವ ರೈಲುಹುಳವನ್ನು ಬಲ್ಲೆ. ಆಕೆಯ ಊರಿನಲ್ಲಿ ಅದಕ್ಕೆ ಚೋರಟೆ ಎನ್ನುತ್ತಾರೆ. ಇವು ಬೇರೆ ಬಗೆಯವು: ಚಪ್ಪಟೆ ಬೆನ್ನು, ಪ್ರತಿ ಬಳೆಯ ಇಕ್ಕೆಲಗಳಲ್ಲೂ ಹೊರಚಾಚಿದ ಅಂಚು, ಕಣ್ಣುಗಳೇ ಇಲ್ಲ. ಪಾಲಿಡೆಸ್ಮಿಡ ಎಂಬ ಈ ಗಣವೆಲ್ಲ ಕುರುಡು.

"ಕಾಲು ಎಣಿಸಿ ಸರ್" ಎಂದಳು.

ಎರಡು ಸಲ ಲೆಕ್ಕ ತಪ್ಪಿತು. ಮೂರನೆಯ ಸಲ ಆಕೆ ಸೂಜಿಯ ತುದಿಯಿಂದ ಒಂದೊಂದೇ ಬಳೆಯನ್ನು ತೋರಿಸುತ್ತಾ ಹೋದಳು. ಒಟ್ಟು 20 ಬಳೆಗಳು. ತಲೆಯ ಹಿಂದಿನ ಮೊದಲ ಬಳೆಗೆ ಕಾಲಿಲ್ಲ. ಎರಡು, ಮೂರು, ನಾಲ್ಕನೆಯವಕ್ಕೆ ಒಂದೊಂದು ಜೋಡಿ. ಐದರಿಂದ ಹದಿನೆಂಟರವರೆಗೆ ಎರಡೆರಡು ಜೋಡಿ. ಕೊನೆಯ ಎರಡಕ್ಕೆ ಮತ್ತೆ ಏನೂ ಇಲ್ಲ. ಹೆಣ್ಣಿಗೆ 31 ಜೋಡಿ ಕಾಲುಗಳು. ಗಂಡಿಗೆ 30. ಕಾಣೆಯಾದ ಜೋಡಿ ಯಾವುದೆಂದು ಹುಡುಕಿದರೆ, ಏಳನೆಯ ಬಳೆಯ ಮುಂದಿನ ಜೋಡಿ. ಅದರ ಸ್ಥಳದಲ್ಲಿ ಒಂದು ಕುಳಿ. ಕುಳಿಯೊಳಗೆ ಮಡಿಸಿಕೊಂಡ ಜೇನುಬಣ್ಣದ ಎರಡು ಕೊಕ್ಕೆಗಳು.

ಆ ಕೊಕ್ಕೆಗಳೇ ಗೊನೊಪಾಡ್. ಅವು ಕಾಲುಗಳು. ಹಲವು ಜಾತಿಗಳ ಎಳೆಯ ಗಂಡಿನಲ್ಲಿ ಆ ಜಾಗದಲ್ಲಿ ಮೊದಲು ಮೂಡುವುದು ನಡೆಯುವ ಕಾಲುಗಳೇ. ಮುಂದೆ ಪೊರೆ ಕಳಚಿದಂತೆ ಅವು ಕುಗ್ಗಿ ಮೊಗ್ಗಿನಂತಾಗಿ, ಪ್ರಾಯಕ್ಕೆ ಬಂದಾಗ ಈ ರೂಪ ತಾಳುತ್ತವೆ. ಬೀಜ ಹುಟ್ಟುವುದು ಅಲ್ಲಿ ಅಲ್ಲ. ಎರಡನೆಯ ಜೋಡಿ ಕಾಲುಗಳ ಬಳಿ ಹೊರಬಂದ ರೇತಸ್ಸನ್ನು ಗಂಡು ಮೈಬಾಗಿಸಿ ಏಳನೆಯ ಬಳೆಯ ಈ ಕಾಲುಗಳಿಗೆ ತುಂಬಿಕೊಂಡು, ಮಿಲನದ ವೇಳೆ ಹೆಣ್ಣಿಗೆ ದಾಟಿಸುತ್ತದೆ. ಹಿರಿಯರ ಪ್ರಶ್ನೆಗೆ ಉತ್ತರ ಇಷ್ಟೇ: ಎರಡು ಕಡೆ ಇಲ್ಲ; ಒಂದು ಕಡೆ ಹುಟ್ಟುತ್ತದೆ, ಇನ್ನೊಂದು ಕಡೆಯ ಕಾಲು ಅದನ್ನು ಹೊರುತ್ತದೆ. ಕಿವಿಗೆ ಹಿತವಿಲ್ಲವೆಂದು ನಾನು ಹೊಡೆದುಹಾಕಿದ್ದ 'ಪಾದ'ದಲ್ಲೇ ಆ ಉತ್ತರವಿತ್ತು.

ಶಾಸನಗಳ ಮೇಲೆ ಕೆಲಸ ಮಾಡುವವರಿಗೆ ಇದು ಬೇಗ ಅರ್ಥವಾದೀತು. ಅಂಗರಚನೆಯ ಪದಗಳಲ್ಲಿ ಹಲವು ಚಿಕ್ಕ ವಂಶಾವಳಿಗಳು. ಈ ಭಾಗ ಹಿಂದೆ ಏನಾಗಿತ್ತು, ಯಾವುದರ ಸಾಲಿಗೆ ಸೇರಿದ್ದು ಎಂಬುದನ್ನು ಅವು ಹೇಳುತ್ತಿರುತ್ತವೆ. ಓದಲು ಸುಲಭವಾಗಲೆಂದು ಒಂದು ತಲೆಮಾರನ್ನು ಬಿಟ್ಟುಬಿಡುವ ಲಿಪಿಕಾರನನ್ನು ನಾವು ಕ್ಷಮಿಸುವುದಿಲ್ಲ.

ಅಂದು ಮಧ್ಯಾಹ್ನದಿಂದ ಸಂಜೆಯವರೆಗೆ ಉಳಿದ ಪದಗಳನ್ನೂ ಹುಳುವಿನ ಪಕ್ಕದಲ್ಲಿಟ್ಟು ನೋಡಿದೆವು. ತಲೆಯ ಹಿಂದಿನ ಕಾಲಿಲ್ಲದ ಬಳೆಗೆ ಲ್ಯಾಟಿನ್ನಿನಲ್ಲಿ 'ಕಾಲಮ್', ಎಂದರೆ ಕುತ್ತಿಗೆ. ನಾವು 'ಗ್ರೀವೆ' ಎಂದು ಕೊಟ್ಟಿದ್ದೆವು. ನೋಡಿದರೆ ಅದು ತಲೆಯ ಹಿಂದೆ ಕವಿದಿರುವ ಫಲಕ. ಎತ್ತಿನ ಕೊರಳಪಟ್ಟಿಯನ್ನು ನೆನಪಿಸುತ್ತದೆ. 'ಕೊರಳಪಟ್ಟಿ' ಎಂದರೆ ಯಾರೂ ದಾರಿ ತಪ್ಪಲಾರರು. ಬಾಯಿಯ ಕೆಳಗಿರುವ ಅಗಲವಾದ ತಟ್ಟೆಯಂಥ ಭಾಗ 'ಗ್ನಾಥೊಕೈಲೇರಿಯಮ್'. ದವಡೆ ಮತ್ತು ತುಟಿ ಎಂಬ ಎರಡು ಗ್ರೀಕ್ ಪದಗಳು ಅದರಲ್ಲಿವೆ. ಸಮಿತಿಯಲ್ಲಿ ನಾನು ಹನು ಮತ್ತು ಓಷ್ಠಗಳಿಗೆ ಯಣ್ ಸಂಧಿ ಮಾಡಿ 'ಹನ್ವೋಷ್ಠ' ಎಂದು ಕೊಟ್ಟಿದ್ದೆ. ವ್ಯಾಕರಣದಲ್ಲಿ ದೋಷವಿಲ್ಲ, ಉಚ್ಚರಿಸಿದವರಿಲ್ಲ. 'ಕೆಂದುಟಿ' ನಮ್ಮಲ್ಲಿ ಹಳೆಯ ಮಾತು. ಅದೇ ಆದೇಶಸಂಧಿಯಲ್ಲಿ 'ದವಡೆದುಟಿ' ಏಕಾಗಬಾರದು? ಆಕೆ ಇದನ್ನು ಎರಡು ಸಲ ಹೇಳಿನೋಡಿ ಒಪ್ಪಿದಳು.

'ಓಜೊಪೋರ್' ನಮ್ಮನ್ನು ಬಹಳ ಹೊತ್ತು ಕಾಡಿತು. ಬಳೆಗಳ ಪಕ್ಕದಲ್ಲಿ, ವಿಷಗ್ರಂಥಿಗಳು ತೆರೆದುಕೊಳ್ಳುವ ತೂತು ಅದು. ಉರುಟು ಮೈಯ ಹುಳುಗಳಲ್ಲಿ ಅಲ್ಲಿಂದ ಬರುವ ರಸ ಬೆರಳಿಗೆ ತಗುಲಿದರೆ ಕಂದುಬಣ್ಣದ ಕಲೆ ಉಳಿಯುತ್ತದೆ. ಈ ಚಪ್ಪಟೆ ಹುಳುಗಳು ಸಯನೈಡನ್ನೇ ತಯಾರಿಸುತ್ತವೆ, ಜೊತೆಗೆ ಬಾದಾಮಿಯ ವಾಸನೆ. ಪದಕೋಶದಲ್ಲಿ 'ಗಂಧರಂಧ್ರ' ಎಂದಿದೆ. ಕನ್ನಡಿಗನ ಕಿವಿಗೆ ಗಂಧವೆಂದರೆ ಮೊದಲು ಹೊಳೆಯುವುದು ತೇಯ್ದ ಶ್ರೀಗಂಧ. 'ನಾತರಂಧ್ರ' ಎಂದಳು ಆಕೆ. ನನ್ನೊಳಗಿನ ಕೇಶಿರಾಜ ಎಚ್ಚತ್ತು, ಕನ್ನಡದ ನಾತಕ್ಕೆ ಸಂಸ್ಕೃತದ ರಂಧ್ರ ಕೂಡಿದರೆ ಅರಿಸಮಾಸವೆಂದು ಆಕ್ಷೇಪಿಸಿದ. ಆಕೆ ನಕ್ಕಳು. ತರಗತಿಯಲ್ಲಿ ಅರಿಸಮಾಸ ಪಾಠ ಮಾಡಿದ್ದು ನಾನೇ, ಆ ಪರೀಕ್ಷೆಯಲ್ಲಿ ಆಕೆಗೆ ಅಂಕ ಕಡಿಮೆ ಕೊಟ್ಟವನೂ ನಾನೇ. ಕೊನೆಗೆ 'ನಾತಗಂಡಿ' ಎಂದು ಒಪ್ಪಂದವಾಯಿತು.

ಕಾಲಿನ ಭಾಗಗಳ ವಿಷಯ ಹೆಚ್ಚೇನೂ ಇಲ್ಲ. ಮೂಳೆಯೇ ಇಲ್ಲದ ಜೀವಿಗೆ ಮನುಷ್ಯನ ತೊಡೆಮೂಳೆ, ಮೊಳಕಾಲ ಕೆಳಗಿನ ಮೂಳೆಗಳ ಲ್ಯಾಟಿನ್ ಹೆಸರುಗಳನ್ನು ಅಂಟಿಸಿದ್ದಾರೆ. ತೊಡೆಯ ಹಿಂದೆ ಮುಂದೆ ಇನ್ನೆರಡು ಭಾಗಗಳಿರುವುದರಿಂದ 'ಮುಂದೊಡೆ', 'ಹಿಂದೊಡೆ' ಎಂದು ಬರೆದುಕೊಂಡೆವು.

ಗೊನೊಪಾಡಿಗೆ ಮರಳಿ ಬಂದಾಗ ಕತ್ತಲಾಗಿತ್ತು. 'ಜನನಪಾದ'ವನ್ನೇ ಮರಳಿ ಸ್ಥಾಪಿಸಬಹುದಿತ್ತು. ಆದರೆ ಕೊಕ್ಕೆಯ ತುದಿಯತ್ತ ಸಾಗುವ ಒಂದು ತೆಳುವಾದ ಕವಲನ್ನು ಆಕೆ ತೋರಿಸಿದಳು. ಅದರೊಳಗೆ ರೇತಸ್ಸು ಹರಿಯುವ ಕಾಲುವೆಯಿದೆ. 'ಸೊಲೆನೊಮಿಯರ್' ಎಂದರೆ ಕೊಳವೆಯ ಭಾಗ. ನನಗೆ ಥಟ್ಟನೆ ನೆನಪಾದದ್ದು ನಮ್ಮ ಹೊಲದ ಕೂರಿಗೆ. ಮೇಲಿನ ಬಟ್ಟಲಿಗೆ ಅಪ್ಪ ಹಿಡಿಹಿಡಿ ಜೋಳ ಬಿಡುತ್ತಿದ್ದರೆ ಕಾಳು ಕೊಳವೆಗಳಲ್ಲಿ ಇಳಿದು ಸಾಲಿಗೆ ಬೀಳುತ್ತಿತ್ತು. ಕೂರಿಗೆಯಲ್ಲಿ ಬೀಜ ಹುಟ್ಟುವುದಿಲ್ಲ. ಅದು ಬೀಜವನ್ನು ಒಯ್ದು ಬಿಡುತ್ತದೆ. 'ಬಿತ್ತುಗಾಲು' ಎಂದೆ. ಬಿತ್ತು ಎಂದರೆ ಬೀಜವೂ ಹೌದು, ಬಿತ್ತುವ ಕ್ರಿಯೆಯೂ ಹೌದು. ಗ್ರೀಕಿನ ಎರಡೂ ಭಾಗಗಳು ಅದರಲ್ಲಿ ಉಳಿದಿವೆ. ಆಕೆ ಕೂರಿಗೆಯನ್ನು ಕಂಡವಳಲ್ಲ. ಕಾಗದದ ಮೇಲೆ ಚಿತ್ರ ಬರೆದು ತೋರಿಸಬೇಕಾಯಿತು.

ಎಲ್ಲವೂ ಹೀಗೆ ಕೈಗೂಡಿತೆಂದು ತಿಳಿಯಬಾರದು. ಅದೇ ತೋಟಗಳಲ್ಲಿ ಮುಟ್ಟಿದರೆ ಗೋಲಿಯಂತೆ ಉಂಡೆಯಾಗುವ ಆರ್ಥ್ರೋಸ್ಫೇರಾ ಎಂಬ ದಪ್ಪ ಹುಳುಗಳಿವೆ. ಇವುಗಳಲ್ಲಿ ನಾತಗಂಡಿ ಇಲ್ಲ. ಏಳನೆಯ ಬಳೆಯಲ್ಲಿ ಬಿತ್ತುಗಾಲೂ ಇಲ್ಲ. ಗಂಡಿನ ಕೊನೆಯ ಕಾಲುಗಳು ಮಾರ್ಪಟ್ಟು 'ಟೆಲೊಪಾಡ್' ಆಗಿವೆ. 'ತುದಿಗಾಲು' ಎನ್ನೋಣವೆಂದರೆ ಹುಳು ಯಾರಿಗಾಗಿಯೋ ಕಾತರದಿಂದ ನಿಂತಂತಾಗುತ್ತದೆ. ಈ ಕುಟುಂಬದ ಗಂಡಿನ ತುದಿಯ ಕಾಲಿನ ಮೇಲಿರುವ ಗೆರೆಗಳಿಗೆ ವಿಜ್ಞಾನಿಗಳು 'ಹಾರ್ಪ್' ಎಂದೂ, ಹೆಣ್ಣಿನ ಗುದದ ಬಳಿಯ ಫಲಕದ ಗೆರೆಗಳಿಗೆ 'ವಾಷ್‌ಬೋರ್ಡ್' ಎಂದೂ ಹೆಸರಿಟ್ಟಿದ್ದಾರೆ. ಉಜ್ಜಿದರೆ ಎರಡೂ ಸದ್ದು ಮಾಡುತ್ತವೆ. ಹಾರ್ಪಿಗೆ ವೀಣೆಯೆನ್ನಬಹುದು. ಎರಡನೆಯದಕ್ಕೆ ಏನೆನ್ನುವುದು? ನಾವು ಬಟ್ಟೆಯನ್ನು ಕಲ್ಲಿನ ಮೇಲೆ ಒಗೆದವರು. ಗೆರೆಗಳಿರುವ ಉಜ್ಜುಹಲಗೆ ನಮ್ಮ ಮನೆಗಳಲ್ಲಿ ಇರಲಿಲ್ಲ. ಅದರ ಮುಂದಿನ ಜಾಗ ನಮ್ಮ ಟಿಪ್ಪಣಿಯಲ್ಲಿ ಇನ್ನೂ ಖಾಲಿಯಿದೆ.

ಮುಟ್ಟದೆ ಬಿಟ್ಟದ್ದೂ ಒಂದಿದೆ. ಕೆಲವು ಸಹಸ್ರಪದಿಗಳ ಮೀಸೆಯ ಬುಡದ ಹತ್ತಿರ ಒಂದು ಸೂಕ್ಷ್ಮವಾದ ಇಂದ್ರಿಯವಿದೆ. ಅದು ಗ್ರಹಿಸುವುದು ತೇವವನ್ನೋ ವಾಸನೆಯನ್ನೋ ಎಂಬ ಚರ್ಚೆ ಮುಗಿದಿಲ್ಲ. ಮೂವತ್ತರ ಆಸುಪಾಸಿನಲ್ಲೇ 1884ರಲ್ಲಿ ತೀರಿಕೊಂಡ ಹಂಗೇರಿಯ ಥೊಮೊಶ್ವಾರಿ ಎಂಬ ಪ್ರಾಣಿಶಾಸ್ತ್ರಜ್ಞನ ಹೆಸರು ಅದಕ್ಕಿದೆ. ಪದಕೋಶದಲ್ಲಿ ನಾವು ಅದನ್ನು 'ಪಾರ್ಶ್ವೇಂದ್ರಿಯ' ಮಾಡಿದ್ದೆವು. ಅವನ ಹೆಸರನ್ನು ಮರಳಿ ಬರೆದೆವು.

ಆಕೆ ಅದೇ ಊರಿಗೆ ಮತ್ತೊಮ್ಮೆ ಹೋಗಿ, ಆ ಹಿರಿಯರ ಮುಂದೆ ಹೆಣ್ಣನ್ನೂ ಗಂಡನ್ನೂ ಇಟ್ಟು ಕಾಲು ಎಣಿಸಿದಳಂತೆ. ನಾನು ಪದಕೋಶದ ಪ್ರಕಾಶಕರಿಗೆ ತಪ್ಪನ್ನು ಒಪ್ಪಿಕೊಂಡು ಪತ್ರ ಬರೆದೆ. ಮರುಮುದ್ರಣವೂ ಬಂತು, ಅದರಲ್ಲಿ 'ಜನನಾಂಗ' ಹಾಗೆಯೇ ಇದೆ. ಎರಡನೆಯ ಪತ್ರ ಬರೆದು ಕಾಯುತ್ತಿದ್ದೇನೆ. ಅಲ್ಲಿಯವರೆಗೆ ನಮ್ಮ ಕಾಲೇಜಿನ ಗ್ರಂಥಾಲಯದ ಪ್ರತಿಯಲ್ಲಿ, ಗ್ರಂಥಪಾಲಕರ ಅನುಮತಿ ಪಡೆದು, ಆ ಪುಟಕ್ಕೆ ಚೀಟಿಯೊಂದನ್ನು ಅಂಟಿಸಿದ್ದೇನೆ. ಕೆಳಗೆ ನನ್ನ ಹೆಸರಿದೆ.