ಮುಳುಗಿದ ಊರಿನ ಹುಡುಗಿ

ಈ ಕಡೆ ತಲೆ ಹಾಕಿ ಎಷ್ಟು ತಿಂಗಳಾಯ್ತೋ, ನೆನಪಿಲ್ಲ. ಕೆಲಸ, ರಿಲೀಸು, ಮತ್ತೆ ಕೆಲಸ... ನಿಮಗೂ ಗೊತ್ತಿರೋ ಹಳೇ ರಾಗವೇ. ಈ ಸಲ ಬರೆಯಲೇಬೇಕು ಅನ್ನಿಸಿದ್ದು ಒಬ್ಬ ಗ್ರೀಕ್ ಆಟಗಾರ್ತಿಯ ಬಗ್ಗೆ. ಹೆಸರು ಕಿರಿಯಾಕಿ ಲಿಯೋಸಿ. ಆಟ ವಾಟರ್ ಪೋಲೋ. ಹೆಸರೂ ಗೊತ್ತಿಲ್ಲ, ಆಟವೂ ಗೊತ್ತಿಲ್ಲ ಅಂದರೆ ಬೇಜಾರು ಮಾಡ್ಕೋಬೇಡಿ. 2025ರ ಜುಲೈ ತನಕ ನನ್ನದೂ ಅದೇ ಕಥೆ.

ಆಗ ನಾನು ಪ್ರಾಜೆಕ್ಟಿನ ಮೇಲೆ ಸಿಂಗಾಪುರದಲ್ಲಿದ್ದೆ. ಅಲ್ಲಿ ವಿಶ್ವ ಈಜು ಚಾಂಪಿಯನ್‌ಶಿಪ್ ನಡೆಯುತ್ತಿತ್ತು. ದೊಡ್ಡ ದೊಡ್ಡ ಈಜುಗಾರರನ್ನು ಕಣ್ಣಾರೆ ನೋಡೋಣ ಅಂತ ಟಿಕೆಟ್ ಹುಡುಕಿದೆ. ಬೆಲೆ ನೋಡಿ ಆಸೆ ಅಲ್ಲೇ ಬಿಟ್ಟೆ. ಕೈಗೆಟುಕಿದ್ದು ಜುಲೈ 23ರ ಮಹಿಳೆಯರ ವಾಟರ್ ಪೋಲೋ ಫೈನಲ್, ಗ್ರೀಸ್ ಮತ್ತು ಹಂಗೇರಿ. ಸಂಜೆ ರೂಮಿನಲ್ಲಿ ಕೂತು ಮ್ಯಾಗಿ ತಿನ್ನೋದಕ್ಕಿಂತ ವಾಸಿ ಅಂದುಕೊಂಡು ಹೋದೆ. ಗ್ರೀಸ್ 12-9ರಿಂದ ಗೆದ್ದಿತು. ನನಗೆ ಅರ್ಧ ನಿಯಮ ಅರ್ಥವಾಗಿರಲಿಲ್ಲ. ಆದರೆ ನನ್ನ ಪಕ್ಕ ನೀಲಿ-ಬಿಳಿ ಬಾವುಟ ಹೊದ್ದುಕೊಂಡು ಕೂತಿದ್ದ ಒಬ್ಬ ವಯಸ್ಸಾದ ಹೆಂಗಸು ಅಳ್ತಾ ಇದ್ದರು. ಅವರಿಗೆ ಇಂಗ್ಲಿಷ್ ಅಷ್ಟಾಗಿ ಬರುತ್ತಿರಲಿಲ್ಲ. ನನ್ನ ಕೈ ಹಿಡಿದು "ಶಾಂಘೈ, ಶಾಂಘೈ" ಅಂದರು. ಸಿಂಗಾಪುರದಲ್ಲಿ ಕೂತು ಶಾಂಘೈ ಯಾಕಪ್ಪಾ ಅಂತ ನನಗೆ ಗೊಂದಲ. ರೂಮಿಗೆ ಬಂದು ಲ್ಯಾಪ್‌ಟಾಪ್ ತೆಗೆದೆ. ಆವತ್ತು ರಾತ್ರಿ ಎರಡು ಗಂಟೆಯಾದರೂ ಮಲಗಲಿಲ್ಲ.

ಮೊದಲು ಆಟದ ಬಗ್ಗೆ ಹೇಳಿಬಿಡ್ತೀನಿ. ಮಾರನೇ ದಿನ ಅಮ್ಮನಿಗೂ ಫೋನಿನಲ್ಲಿ ಇದನ್ನೇ ಹೇಳಿದ್ದು.

"ನೀರೊಳಗೆ ಆಡೋ ಆಟ ಅಮ್ಮ. ಒಂದೊಂದು ಕಡೆ ಏಳೇಳು ಜನ. ಚೆಂಡನ್ನ ಗೋಲಿಗೆ ಎಸೀಬೇಕು."

"ನಿಂತ್ಕೊಂಡಾ?"

"ನಿಲ್ಲೋ ಹಾಗಿಲ್ಲ. ನೆಲಕ್ಕೆ ಕಾಲು ತಾಗ್ಸೋ ಹಾಗೇ ಇಲ್ಲ."

"ಮತ್ತೆ ಮುಳುಗಲ್ವೇನೋ?"

ಅದೇ ಪ್ರಶ್ನೆ ನನ್ನದೂ ಆಗಿತ್ತು! ಎಂಟು ನಿಮಿಷದ ನಾಲ್ಕು ಪಾಳಿ. ಗೋಲ್‌ಕೀಪರ್ ಬಿಟ್ಟು ಬೇರೆ ಯಾರೂ ಎರಡು ಕೈಯಲ್ಲಿ ಚೆಂಡು ಮುಟ್ಟುವ ಹಾಗಿಲ್ಲ. ಒಂದು ಕೈಯಲ್ಲಿ ಚೆಂಡು ಎತ್ತಿ, ಸೊಂಟದ ತನಕ ನೀರಿನಿಂದ ಮೇಲೆದ್ದು ಎಸೀತಾರೆ. ಮೇಲೆದ್ದು ಬರೋಕೆ ಕೆಳಗೆ ಏನೂ ಆಧಾರವಿಲ್ಲ, ಬರೀ ಕಾಲುಗಳ ಕೆಲಸ. ಕುರ್ಚಿಯಲ್ಲಿ ಕೂತ ಹಾಗೆ ಮಂಡಿ ಮಡಚಿ, ಎರಡು ಕಾಲನ್ನೂ ಒಂದರ ಹಿಂದೊಂದು, ಒಂದು ಈ ಕಡೆಗೆ ಇನ್ನೊಂದು ಆ ಕಡೆಗೆ ತಿರುಗಿಸ್ತಾನೇ ಇರಬೇಕು. ಇದಕ್ಕೆ 'ಎಗ್‌ಬೀಟರ್' ಅಂತ ಹೆಸರು. ನಮ್ಮ ಕಡೆಯವರು ಹೆಸರಿಟ್ಟಿದ್ದರೆ ಖಂಡಿತ ಕಡಗೋಲು ಅಂತ ಇಡ್ತಿದ್ದರು. ನಿಂತರೆ ಮುಳುಗಿದೆ ಅಂತಲೇ ಲೆಕ್ಕ. ಇನ್ನು ನೀರಿನ ಕೆಳಗೆ ನಡೆಯೋ ಒದೆತ, ಹಿಡಿತ, ಈಜುಡುಗೆ ಎಳೆಯೋದು... ರೆಫರಿಗೆ ಕಾಣಿಸೋದು ಅದರಲ್ಲಿ ಸ್ವಲ್ಪ ಮಾತ್ರ. ಪಂದ್ಯಕ್ಕೆ ಮುಂಚೆ ಆಟಗಾರರ ಉಗುರು ಪರೀಕ್ಷೆ ಮಾಡ್ತಾರೆ ಅಂದರೆ ನೀವೇ ಊಹಿಸಿಕೊಳ್ಳಿ.

ನಾನೂ ಆ ವಾರ ಅಪಾರ್ಟ್‌ಮೆಂಟಿನ ಈಜುಕೊಳಕ್ಕಿಳಿದು ಕಡಗೋಲು ಪ್ರಯೋಗ ಮಾಡಿದೆ. ಊರ ಹೊಳೆಯಲ್ಲಿ ಈಜು ಕಲಿತವನು ಅಂತ ನನಗೊಂದು ಜಂಬ. ಎರಡೂ ಕೈ ಮೇಲೆತ್ತಿ ಹನ್ನೊಂದು ಸೆಕೆಂಡು ತೇಲಿದೆ, ಅದೂ ಮೂಗಿಗೆ ನೀರು ಕುಡಿಸಿಕೊಂಡು. ಕಟ್ಟೆಯ ಮೇಲೆ ಕೂತಿದ್ದ ಏಳೆಂಟು ವರ್ಷದ ಹುಡುಗಿಯೊಬ್ಬಳು ಬಿದ್ದು ಬಿದ್ದು ನಕ್ಕಳು. :-) ಮಾರನೇ ದಿನ ಆಫೀಸಿನಲ್ಲಿ ಮೆಟ್ಟಿಲು ಹತ್ತೋವಾಗ ತೊಡೆ ನನ್ನದೇ ಅನ್ನಿಸಲಿಲ್ಲ.

ಇರಲಿ, ಲಿಯೋಸಿ ವಿಷಯಕ್ಕೆ ಬರ್ತೀನಿ. ಹುಟ್ಟಿದ್ದು 1979ರಲ್ಲಿ. ಆಡಿದ್ದು ವೂಲಿಯಾಗ್ಮೇನಿ ಕ್ಲಬ್ಬಿಗೆ. ಅಥೆನ್ಸಿನ ದಕ್ಷಿಣಕ್ಕೆ ಸಮುದ್ರದ ದಂಡೆಯಲ್ಲಿರೋ ಊರದು. ಅಲ್ಲೊಂದು ಸರೋವರ ಇದೆ. ನೆಲದಡಿಯ ಗುಹೆಯೊಂದರ ಚಾವಣಿ ಕುಸಿದು ಆಗಿದ್ದು, ವರ್ಷವಿಡೀ ಬೆಚ್ಚಗಿನ ನೀರು. ವೂಲಿಯಾಗ್ಮೇನಿ ಅಂದರೆ ಗ್ರೀಕಿನಲ್ಲಿ 'ಮುಳುಗಿದ್ದು' ಅಂತ ಅರ್ಥವಂತೆ. ಮುಳುಗದೇ ಇರೋದನ್ನೇ ಆಟ ಮಾಡಿಕೊಂಡವರ ಊರಿಗೆ ಇಂಥಾ ಹೆಸರು! ನಾನಂತೂ ಒಂದೆರಡು ನಿಮಿಷ ಅದನ್ನೇ ನೋಡ್ತಾ ಕೂತಿದ್ದೆ.

ಅವಳು ದೊಡ್ಡವಳಾಗೋ ಹೊತ್ತಿಗೆ ಹೆಣ್ಣುಮಕ್ಕಳ ವಾಟರ್ ಪೋಲೋ ಒಲಿಂಪಿಕ್ಸಿನಲ್ಲಿ ಇರಲೇ ಇಲ್ಲ. ಗಂಡಸರು 1900ರಿಂದ ಆಡ್ತಾ ಇದ್ದರು. ಹೆಂಗಸರಿಗೆ ವಿಶ್ವ ಚಾಂಪಿಯನ್‌ಶಿಪ್ ಶುರುವಾಗಿದ್ದೇ 1986ರಲ್ಲಿ. ಒಲಿಂಪಿಕ್ಸಿಗೆ ಬಂದಿದ್ದು 2000ದಲ್ಲಿ, ಸಿಡ್ನಿಗೆ. ಸರಿಯಾಗಿ ನೂರು ವರ್ಷ ತಡ. ಅದೂ ಯಾರೋ ಕರುಣೆಯಿಂದ ಕೊಟ್ಟಿದ್ದಲ್ಲ. ಒಲಿಂಪಿಕ್ ಅಧಿಕಾರಿಗಳು ಸಿಡ್ನಿ ವಿಮಾನ ನಿಲ್ದಾಣದಲ್ಲಿ ಇಳಿದಾಗ ಆಸ್ಟ್ರೇಲಿಯಾದ ಹುಡುಗಿಯರು ಈಜುಡುಗೆಯಲ್ಲೇ ಹೋಗಿ ನಿಂತು ಪ್ರತಿಭಟನೆ ಮಾಡಿದ್ದರು. ಕೊನೆಗೆ ಸಿಡ್ನಿಯಲ್ಲಿ ಚಿನ್ನ ಗೆದ್ದವರೂ ಅವರೇ, ಫೈನಲ್ ಮುಗಿಯಲು ಎರಡು ಸೆಕೆಂಡೂ ಇಲ್ಲದಾಗ ಹೊಡೆದ ಗೋಲಿನಿಂದ. ಆ ಆರು ತಂಡಗಳಲ್ಲಿ ಗ್ರೀಸ್ ಇರಲಿಲ್ಲ.

2004ರಲ್ಲಿ ಒಲಿಂಪಿಕ್ಸ್ ಅಥೆನ್ಸಿಗೇ ಬಂತು. ನನಗಾಗ ಏಳು ವರ್ಷ. ಆ ಒಲಿಂಪಿಕ್ಸಿನಲ್ಲಿ ನಮ್ಮ ದೇಶಕ್ಕೆ ಸಿಕ್ಕಿದ್ದು ರಾಜ್ಯವರ್ಧನ್ ಸಿಂಗ್ ರಾಠೋಡರ ಒಂದೇ ಒಂದು ಬೆಳ್ಳಿ. ಅಪ್ಪ ಪೇಪರಿನಲ್ಲಿ ಬಂದ ಆ ಫೋಟೋವನ್ನು ಕತ್ತರಿಸಿ ಗೋಡೆಗೆ ಅಂಟಿಸಿದ್ದರು. ಅದೇ ಅಥೆನ್ಸಿನಲ್ಲಿ, ತಮ್ಮ ಊರಿನ ಜನರ ಮುಂದೆ, ಇಪ್ಪತ್ತನಾಲ್ಕು ವರ್ಷದ ಲಿಯೋಸಿ ಮತ್ತವಳ ತಂಡ ಸೆಮಿಫೈನಲ್‌ನಲ್ಲಿ ಅದೇ ಆಸ್ಟ್ರೇಲಿಯಾವನ್ನು 6-2ರಿಂದ ಸೋಲಿಸಿತು. ಆಗಸ್ಟ್ 26ಕ್ಕೆ ಇಟಲಿಯ ಎದುರು ಫೈನಲ್. ನಿಗದಿತ ಸಮಯದಲ್ಲಿ ಸಮ ಸಮ. ಹೆಚ್ಚುವರಿ ಸಮಯಕ್ಕೆ ಹೋಯ್ತು. ಇಟಲಿ 10, ಗ್ರೀಸ್ 9.

ಒಂದು ಗೋಲು.

ಇಲ್ಲಿ ನನ್ನದೊಂದು ಸಣ್ಣ ಕಥೆ ಹೇಳ್ತೀನಿ, ಒಲಿಂಪಿಕ್ಸಿಗೆ ಹೋಲಿಸೋ ಧೈರ್ಯದಿಂದ ಅಲ್ಲ. ಇಂಜಿನಿಯರಿಂಗ್ ಕೊನೇ ವರ್ಷದಲ್ಲಿ ಗೇಟ್ ಬರೆದಿದ್ದೆ. ನಾನು ಹೋಗಬೇಕು ಅಂದುಕೊಂಡಿದ್ದ ಕಡೆ ಕಟ್ ಆಫ್‌ಗಿಂತ ಅರ್ಧ ಮಾರ್ಕು ಕಮ್ಮಿ ಬಂತು. ಕೊನೇ ಹತ್ತು ನಿಮಿಷದಲ್ಲಿ ಎರಡು ಮಾರ್ಕಿನ ಒಂದು ಪ್ರಶ್ನೆಗೆ ಸುಮ್ಮನೆ ಊಹೆ ಮಾಡಿ ಉತ್ತರ ಒತ್ತಿದ್ದೆ. ತಪ್ಪಾಗಿ 0.67 ಹೋಯ್ತು. ಅದನ್ನು ಮುಟ್ಟದೇ ಬಿಟ್ಟಿದ್ದರೆ ಸಾಕಿತ್ತು. "ಮುಂದಿನ ವರ್ಷ ಬರೀಬಹುದಲ್ಲೋ" ಅಂದರು ಅಪ್ಪ. ಹೂಂ ಅಂದೆ. ಆಮೇಲೆ ಕೆಲಸ ಸಿಕ್ಕಿತು, ಸಂಬಳ ಬಂತು, ಬೈಕ್ ಬಂತು. ಆ 0.67ರ ಕಥೆಯನ್ನು ಮಾತ್ರ ಎಲ್ಲರಿಗೂ ಎಷ್ಟು ಚೆನ್ನಾಗಿ ಹೇಳ್ತಿದ್ದೆ ಅಂದರೆ, ಕೇಳಿದವರೆಲ್ಲ "ಛೆ, ಎಂಥಾ ಬ್ಯಾಡ್ ಲಕ್" ಅನ್ನೋರು. ಅದನ್ನು ಕೇಳೋದಕ್ಕೂ ಹಿತವಾಗಿತ್ತು. ಮತ್ತೆ ಬರೆದು ಹತ್ತು ಮಾರ್ಕಿನಿಂದ ಫೇಲಾದರೆ ಆ ಕಥೆಯೂ ಹೋಗುತ್ತಲ್ಲ! ಇದನ್ನು ಇಲ್ಲಿಯ ತನಕ ಯಾರಿಗೂ ಹೇಳಿರಲಿಲ್ಲ.

ಅದಕ್ಕೇ ಇರಬೇಕು, ಲಿಯೋಸಿಯ ಕಥೆಯಲ್ಲಿ ನನಗೆ ಬೆಳ್ಳಿಗಿಂತ, ಆಮೇಲೆ ಬಂದ ಚಿನ್ನಕ್ಕಿಂತ, ಇವೆರಡರ ನಡುವಿನ ವರ್ಷಗಳೇ ದೊಡ್ಡದಾಗಿ ಕಂಡಿದ್ದು. ಎಲ್ಲ ಕಡೆ ಎರಡು ಸಾಲಿನಲ್ಲಿ ಬರೆದಿರ್ತಾರೆ: 2004 ಬೆಳ್ಳಿ, 2011 ಚಿನ್ನ. ಓದೋದಕ್ಕೆ ಮೂರು ಸೆಕೆಂಡು ಸಾಕು. ನಡುವೆ ಏಳು ವರ್ಷ ಇದೆ.

2005ರಲ್ಲಿ ರಷ್ಯಾದ ಕಿರಿಶಿ ಅನ್ನೋ ಊರಲ್ಲಿ ವರ್ಲ್ಡ್ ಲೀಗ್ ಗೆದ್ದರು. ಸರಿ, ಇನ್ನೇನು ದಾರಿ ಸಲೀಸು ಅಂದುಕೊಳ್ಳಬೇಕು, 2008ರ ಬೀಜಿಂಗ್ ಒಲಿಂಪಿಕ್ಸ್ ಬಂತು. ಅಲ್ಲಿದ್ದಿದ್ದು ಎಂಟು ತಂಡ. ಗ್ರೀಸ್ ಎಂಟನೆಯದು. ನಾಲ್ಕು ವರ್ಷದ ಹಿಂದೆ ಒಂದು ಗೋಲಿನಿಂದ ಚಿನ್ನ ಕಳಕೊಂಡವರು ಈಗ ಕಟ್ಟಕಡೆಯವರು. "ಛೆ, ಬ್ಯಾಡ್ ಲಕ್" ಅನ್ನೋಕೂ ಜಾಗವಿಲ್ಲದ ಸೋಲು ಅದು. ನಾನು ಹೆದರಿಕೊಂಡು ದೂರ ಇಟ್ಟಿದ್ದೆನಲ್ಲ, ಆ ಹತ್ತು ಮಾರ್ಕಿನ ಫೇಲು, ಅದೇ. ಲಿಯೋಸಿಗೆ ಆಗ ಇಪ್ಪತ್ತೆಂಟು. ಈಗ ನನಗೂ ಇಪ್ಪತ್ತೆಂಟು.

ಬಿಟ್ಟುಬಿಡಬಹುದಿತ್ತು. ಬೆಳ್ಳಿ ಪದಕ ಮನೆಯಲ್ಲಿತ್ತು, ಅದೂ ತವರಿನ ಒಲಿಂಪಿಕ್ಸಿನದು. ಅದೊಂದನ್ನು ಹೇಳಿಕೊಂಡೇ ಜೀವಮಾನ ಕಳೆಯಬಹುದಿತ್ತು. ಇದೇನು ಫುಟ್‌ಬಾಲ್ ಥರ ದುಡ್ಡು ಸುರಿಯೋ ಆಟವೂ ಅಲ್ಲ. ಆದರೆ ಬೀಜಿಂಗಿನ ಮರುವರ್ಷ, 2009ರಲ್ಲಿ, ವೂಲಿಯಾಗ್ಮೇನಿ ಯುರೋಪಿನ ಚಾಂಪಿಯನ್ ಕ್ಲಬ್ ಆಯಿತು. 2010ರಲ್ಲಿ ಮತ್ತೊಮ್ಮೆ. ಅದೇ 2010ರ ಯುರೋಪಿಯನ್ ಚಾಂಪಿಯನ್‌ಶಿಪ್ಪಿನಲ್ಲಿ ಗ್ರೀಸ್ ತಂಡ ಫೈನಲ್ ತನಕ ಹೋಯ್ತು. ರಷ್ಯಾದ ಎದುರು ಸೋತು ಮತ್ತೆ ಬೆಳ್ಳಿ! ಕೆಲವರ ಹಣೆಯಲ್ಲಿ ಬೆಳ್ಳಿ ಅಂತಲೇ ಬರೆದಿರುತ್ತೇನೋ.

ಅಷ್ಟರಲ್ಲಿ ದೇಶವೇ ಮುಳುಗೋಕೆ ಶುರುವಾಗಿತ್ತು. 2010ರಲ್ಲಿ ಗ್ರೀಸ್ ಸಾಲಕ್ಕೆ ಕೈಚಾಚಿತು. ಸಂಬಳಕ್ಕೆ, ಪಿಂಚಣಿಗೆ ಕತ್ತರಿ. 2004ಕ್ಕೆಂದು ಕಟ್ಟಿದ ಕ್ರೀಡಾಂಗಣಗಳಲ್ಲಿ ಕೆಲವು ಹುಲ್ಲು ಬೆಳೆದು ಹಾಳು ಬಿದ್ದವು. ಅದರ ಫೋಟೋಗಳನ್ನು ನೀವೂ ನೋಡಿರಬಹುದು. 2011ರ ಜೂನ್ 29ಕ್ಕೆ ಇನ್ನೊಂದು ಸುತ್ತಿನ ಕಡಿತಕ್ಕೆ ಪಾರ್ಲಿಮೆಂಟಿನಲ್ಲಿ ಮತ ಹಾಕ್ತಿದ್ದರೆ, ಹೊರಗಡೆ ಸಿಂಟಾಗ್ಮಾ ಚೌಕದಲ್ಲಿ ಜನರ ಮೇಲೆ ಅಶ್ರುವಾಯು.

ಸರಿಯಾಗಿ ಒಂದು ತಿಂಗಳ ನಂತರ, ಜುಲೈ 29. ಶಾಂಘೈ. ವಿಶ್ವ ಚಾಂಪಿಯನ್‌ಶಿಪ್ ಫೈನಲ್. ಎದುರಿಗೆ ಚೀನಾ, ಅವರದೇ ನೆಲ, ಅವರದೇ ಜನ. ಅಥೆನ್ಸಿನಲ್ಲಿ ತವರು ತಂಡ ಇವರಾಗಿದ್ದರು, ಇಲ್ಲಿ ಅವರು. 2004ರ ತಂಡದಲ್ಲಿದ್ದವರಲ್ಲಿ ಲಿಯೋಸಿ, ಆಂಟಿಯೋಪಿ ಮೆಲಿಡೋನಿ, ಆಂಟಿಗೋನಿ ರೂಂಬೆಸಿ ಇನ್ನೂ ಆಡ್ತಾ ಇದ್ದರು. ಗ್ರೀಸ್ 9, ಚೀನಾ 8.

ಈ ಸಲವೂ ಒಂದೇ ಗೋಲು. ಇವರ ಕಡೆಗೆ.

ಬಾವುಟ ಹೊದ್ದ ಆ ಹೆಂಗಸು "ಶಾಂಘೈ" ಅಂದಿದ್ದು ಇದಕ್ಕೆ. ಅದಾದ ಮೇಲೆ ಮತ್ತೊಂದು ವಿಶ್ವ ಪ್ರಶಸ್ತಿಗೆ ಗ್ರೀಸಿನ ಹೆಣ್ಣುಮಕ್ಕಳು ಹದಿನಾಲ್ಕು ವರ್ಷ ಕಾದಿದ್ದರು. ನಾನು ಸಿಂಗಾಪುರದಲ್ಲಿ ನಿಯಮ ಅರ್ಥವಾಗದೆ ಪಾಪ್‌ಕಾರ್ನ್ ತಿಂತಾ ನೋಡಿದ್ದು ಆ ಎರಡನೆಯದು.

ಇಲ್ಲಿಗೆ ನಿಲ್ಲಿಸಿದರೆ ಸಿನಿಮಾ ಆಗ್ತಿತ್ತು. ಆದರೆ ಅಮ್ಮ ಫೋನಿನಲ್ಲಿ ಕೇಳಿದಳು, "ಹಂಗಾದ್ರೆ ಆಮೇಲೆ ಒಲಿಂಪಿಕ್ಸಲ್ಲೂ ಗೆದ್ದಿರ್ಬೇಕಲ್ವಾ?"

ಇಲ್ಲ. 2012ರ ಲಂಡನ್ ಒಲಿಂಪಿಕ್ಸಿಗೆ ಅವರು ಹೋಗಲೇ ಇಲ್ಲ. ಹೋಗೋಕೆ ಬಿಡಲಿಲ್ಲ ಅನ್ನೋದೇ ಸರಿಯೇನೋ. ಎಂಟೇ ತಂಡಗಳಿಗೆ ಜಾಗ. ವಿಶ್ವ ಚಾಂಪಿಯನ್ ಅಂತ ನೇರ ಪ್ರವೇಶ ಇರಲಿಲ್ಲ. ಆತಿಥೇಯ ಬ್ರಿಟನ್ ಒಳಗೆ ಬಂದಿದ್ದರಿಂದ ಯುರೋಪಿನ ಉಳಿದವರೆಲ್ಲ ಏಪ್ರಿಲ್‌ನಲ್ಲಿ ಇಟಲಿಯ ಟ್ರಿಯೆಸ್ಟ್‌ನಲ್ಲಿ ಅರ್ಹತಾ ಪಂದ್ಯ ಆಡಬೇಕಾಯ್ತು. ಅಲ್ಲಿಂದ ಹೋದ ನಾಲ್ಕು ತಂಡ ಹಂಗೇರಿ, ಇಟಲಿ, ರಷ್ಯಾ, ಸ್ಪೇನ್. ಅದೇ ವರ್ಷದ ಜನವರಿಯಲ್ಲಿ ಯುರೋಪಿಯನ್ ಚಾಂಪಿಯನ್‌ಶಿಪ್ಪಿನಲ್ಲಿ ಇವರಿಗೆ ಇನ್ನೊಂದು ಬೆಳ್ಳಿ ಬಂದಿತ್ತು, ಅದೂ ಲೆಕ್ಕಕ್ಕೆ ಬರಲಿಲ್ಲ. ಗ್ರೀಸಿನ ಹೆಣ್ಣುಮಕ್ಕಳು ಮತ್ತೆ ಒಲಿಂಪಿಕ್ಸಿನ ನೀರಿಗಿಳಿದಿದ್ದು 2024ರಲ್ಲಿ, ಪ್ಯಾರಿಸ್ಸಿನಲ್ಲಿ. ಲಿಯೋಸಿಯ ಕಾಲದವರ ಪಾಲಿಗೆ ಬೀಜಿಂಗಿನ ಆ ಎಂಟನೇ ಸ್ಥಾನವೇ ಕೊನೆಯ ಒಲಿಂಪಿಕ್ಸ್.

ಇದೆಲ್ಲ ಹೇಳಿದೆ. ಅಮ್ಮನಿಗೆ ಸಿಟ್ಟು ಬಂತು. "ಜಗತ್ತಿಗೇ ಗೆದ್ದೋರ್ನ ಸೇರಿಸ್ಕೊಳ್ಳಲಿಲ್ವಾ? ಇದ್ಯಾವ ಊರ ನ್ಯಾಯನೋ?" ಕೋಟಾ, ಖಂಡ, ಅರ್ಹತೆ ಅಂತ ಏನೇನೋ ವಿವರಿಸೋಕೆ ಹೋದೆ. ಅಮ್ಮ ಒಪ್ಪಲಿಲ್ಲ. ವಿವರಿಸ್ತಾ ವಿವರಿಸ್ತಾ ನಾನೂ ಒಪ್ಪಿದ ಹಾಗೆ ಅನ್ನಿಸಲಿಲ್ಲ.

"ಪಾಪ, ಆ ಹುಡುಗಿ," ಅಂದಳು ಅಮ್ಮ. ಆ ಹುಡುಗಿಗೆ ಈಗ ನಲವತ್ತೈದು ಅಮ್ಮ ಅಂದೆ. "ಆದ್ರೇನೀಗ?" ಅಂದಳು.

ಅಷ್ಟರಲ್ಲಿ ಅಪ್ಪ ಫೋನ್ ಇಸ್ಕೊಂಡರು. ಊಟ ಆಯ್ತಾ, ಅಲ್ಲಿ ಮಳೆನಾ ಅಂತೆಲ್ಲ ಕೇಳಿ, ಸ್ವಲ್ಪ ಹೊತ್ತು ಸುಮ್ಮನಿದ್ದು, "ಆ ಗೇಟಿಗೆ ಅರ್ಜಿ ಹಾಕೋದು ಆಗಸ್ಟ್ ಕೊನೇಲಿ ಅಲ್ವೇನೋ?" ಅಂದರು.

ಏಳು ವರ್ಷವಾಯ್ತು, ಇನ್ನೂ ನೆನಪಿಟ್ಟುಕೊಂಡಿದ್ದಾರೆ.

"ಹೂಂ ಅಪ್ಪ, ಆಗಸ್ಟ್ ಕೊನೇಲೇ," ಅಂದೆ. ಪುಸ್ತಕಗಳು ಅಟ್ಟದ ಮೇಲಿವೆ, ಇಲಿ ಹೊಡೀದಿದ್ದರೆ ಸಾಕು.