ಮರಳುಗಾಡಿನಲ್ಲಿ ಮರಳಿಗೇ ಬರ!

ಮರುಭೂಮಿ ಅಂದ ತಕ್ಷಣ ನಮಗೆಲ್ಲ ನೆನಪಾಗೋದು ಮರಳು, ಒಂಟೆ, ಸುಡು ಬಿಸಿಲು. ಆದರೆ ಜಗತ್ತಿನ ಅತಿ ದೊಡ್ಡ ಮರುಭೂಮಿ ಹಿಮ ಹೊದ್ದ ಅಂಟಾರ್ಕ್ಟಿಕಾ! ಮರುಭೂಮಿ ಅನ್ನಿಸಿಕೊಳ್ಳೋಕೆ ಬಿಸಿಲು ಬೇಕಿಲ್ಲ, ಮಳೆ-ಹಿಮ ತೀರಾ ಕಡಿಮೆ ಬಿದ್ದರೆ ಸಾಕು. ಸುಮಾರು 92 ಲಕ್ಷ ಚದರ ಕಿ.ಮೀ. ಹರಡಿರುವ ಸಹಾರಾದಲ್ಲೂ ಮರಳು ಹೆಚ್ಚೂಕಡಿಮೆ ಕಾಲು ಭಾಗದಷ್ಟೇ; ಉಳಿದದ್ದು ಕಲ್ಲು, ಜಲ್ಲಿ, ಬೆಟ್ಟ.

ಇರೋ ಆ ಮರಳಾದರೂ ಕಟ್ಟಡಕ್ಕೆ ಬರುತ್ತಾ? ಸಾಮಾನ್ಯವಾಗಿ ಇಲ್ಲ. ಗಾಳಿಗೆ ಉರುಳಿ ಉರುಳಿ ಅದರ ಕಣಗಳು ನುಣುಪಾಗಿ, ದುಂಡಗಾಗಿ, ಹೆಚ್ಚುಕಡಿಮೆ ಒಂದೇ ಗಾತ್ರಕ್ಕೆ ಸವೆದಿರುತ್ತವೆ. ಕಾಂಕ್ರೀಟಿಗೆ ಬೇಕಾದದ್ದು ದಪ್ಪ-ಸಣ್ಣ ಬೆರೆತ, ಒರಟು ಅಂಚಿನ ಕಣಗಳು. ಲ್ಯಾಬಿನಲ್ಲಿ ನಾವು ಮರಳನ್ನು ಜರಡಿ ಹಿಡಿದು ತೂಗೋದು ಇದನ್ನು ತಿಳಿಯೋಕೇ. ಅಂಥ ಮರಳು ಕೊಡೋದು ನದಿ. ಹಾಗಾಗಿಯೇ ಸುತ್ತ ಮರಳುಗಾಡೇ ಇರುವ ಯು.ಎ.ಇ. ಕೂಡ ಮರಳು ಆಮದು ಮಾಡಿಕೊಳ್ಳುತ್ತೆ.

ವಿಶ್ವಸಂಸ್ಥೆಯ ಅಂದಾಜಿನಂತೆ ಜಗತ್ತು ವರ್ಷಕ್ಕೆ ಬಳಸುವ ಮರಳು-ಜಲ್ಲಿ 5,000 ಕೋಟಿ ಟನ್. ನದಿಗಳು ಅಷ್ಟು ಬೇಗ ಮರಳು ಮಾಡಲಾರವು. ನಮ್ಮೂರ ಸೈಟುಗಳಿಗೆ ಕಲ್ಲು ಪುಡಿ ಮಾಡಿದ ಎಂ-ಸ್ಯಾಂಡ್ ಬಂದದ್ದೂ ನದಿ ಮರಳು ಸಾಲದೇ ಹೋದದ್ದಕ್ಕೆ.

ನಾಳೆ ಡ್ರಾಯಿಂಗಿಗೆ ಸಹಿ ಹಾಕೋರು ನಾವೇ. ಈ ಮರಳು ಯಾವ ನದಿಯದ್ದು ಅಂತ ಕೇಳಬೇಕಾದವರೂ ನಾವೇ.